ಸಾಸ್ ಹೋತು!

"ನಾಳಿ ಅಡಿಗಿ ನಂದು! ನೀ ಅಡಿಗಿಮನಿ ಹೊಸ್ತಿಲಾ ದಾಟಿದ್ರ ನನ್ನ ವ್ಯಾಕರಣದ ಆಣಿ!"

ಶನಿವಾರ ಸಂಜೆ ಅಫಜಲಪುರದ ತಮ್ಮ ಮನೆಯ ಪಡಸಾಲೆಯಲ್ಲಿ ನಿಂತು ದಿಲೀಪ ಮಾಸ್ತರರು ಹೀಗೆ ಘೋಷಿಸಿದರು. ಹೈಸ್ಕೂಲಿನಲ್ಲಿ ಇಪ್ಪತ್ತೆರಡು ವರ್ಷ ಕನ್ನಡ ಕಲಿಸಿದ ಮನುಷ್ಯ. ಬೇರೆಯವರು ಮಕ್ಕಳ ಮೇಲೆ ಆಣೆ ಇಟ್ಟರೆ ಇವರು ವ್ಯಾಕರಣದ ಮೇಲೆ ಇಡುತ್ತಿದ್ದರು. ಅದೇ ವ್ಯಾಕರಣ ಮರುದಿನ ಮಧ್ಯಾಹ್ನದೊಳಗೆ ಬೀದಿಯಲ್ಲಿ ತಮ್ಮ ಮಾನ ಕಳೆಯಲಿದೆ ಎಂಬುದು ಪಾಪ, ಅವರಿಗೆ ಗೊತ್ತಿರಲಿಲ್ಲ!

ಹೆಂಡತಿ ಮಹಾನಂದಾ ಅಂಗನವಾಡಿ ಟೀಚರು. ದಿನಕ್ಕೆ ಮೂವತ್ತು ಮಕ್ಕಳ ಇಂಥ ಘೋಷಣೆ ಕೇಳಿ ಪಳಗಿದವಳು. ತೊಗರಿಬೇಳೆ ಆರಿಸುತ್ತಲೇ ಕೇಳಿದಳು.

"ಏನ್ ಮಾಡ್ತೀರಿ ಸಾಹೇಬ್ರು?"

"ಫಿಶ್ ಅಂಡ್ ಚಿಪ್ಸ್! ಇಂಗ್ಲೆಂಡಿನ ರಾಜರು ತಿನ್ನೋದು! ಮೀನ ಕರದು, ಆಲುಗಡ್ಡಿ ಕರದು, ಬಾಜೂಕ ಮನ್ಯಾಗೇ ಮಾಡಿದ ಸಾಸ್!"

"ಅಂದ್ರ ಮೀನದ ಭಜಿ, ಆಲೂ ಭಜಿ ಅನ್ರಿ."

"ಏ, ಭಜಿ ಅನಬ್ಯಾಡ! ನಾ ನಾಲ್ಕು ದಿನದಿಂದ ಮೊಬೈಲಿನಾಗ ಒಬ್ಬ ಬಿಳಿ ಮನಶ್ಯಾನ ಕಡಿಂದ ಕಲಿಯಾಕತ್ತೇನಿ."

"ಭಜಿ ಮಾಡ್ರಿ, ಬೂಂದಿ ಮಾಡ್ರಿ, ನನಗೇನು? ಆದ್ರ ನಾಳಿ ಅವ್ವ ಎರಡು ವರ್ಷದ ಮ್ಯಾಲೆ ಈ ಮನಿಗಿ ಬರಾಕತ್ತಾಳ. ಈ ಸಲ ಸಿಟ್ಟು ಮಾಡ್ಕೊಂಡು ಹೋದ್ಲಂದ್ರ ಮತ್ತ ಬರಂಗಿಲ್ಲ. ನಿಮಗ ಕೈ ಮುಗೀತೇನ್ರಿ, ಆಕಿ ಮುಂದ 'ತಪ್ಪಾತು ಅತ್ತಿ' ಅಂತ ಒಂದು ಮಾತು ಅಂದುಬಿಡ್ರಿ."

"ಅದನ್ನ ನನ್ನ ಮೀನೇ ಹೇಳ್ತದ!" ಎಂದರು ಮಾಸ್ತರರು.

ಇಷ್ಟಕ್ಕೂ ಮಾಸ್ತರರು ಮಾಡಿದ ತಪ್ಪೇನು? ಕೊಲೆಯಲ್ಲ, ಸುಲಿಗೆಯಲ್ಲ. ವಂದನಾರ್ಪಣೆ!

ಆಳಂದದಲ್ಲಿ ನಿವೃತ್ತಿ ಸಮಾರಂಭವಿರಲಿ, ಜೇವರ್ಗಿಯಲ್ಲಿ ಮದುವೆ ಇರಲಿ, ವಂದನಾರ್ಪಣೆಗೆ ದಿಲೀಪ ಮಾಸ್ತರರೇ ಬೇಕು. ಊಟದ ವಾಸನೆ ಬರುತ್ತಿದ್ದರೂ ಜನ ಕುರ್ಚಿ ಬಿಟ್ಟೇಳದಂತೆ ಕೂರಿಸಿಡುವ ನಾಲಗೆ ಅವರದು. ಎರಡು ವರ್ಷದ ಹಿಂದೆ ಚೌಡಾಪುರದಲ್ಲಿ ಮಹಾನಂದಾಳ ತಮ್ಮ ಸತೀಶಕುಮಾರ ಹೊಸ ಮನೆ ಕಟ್ಟಿಸಿದ. ಬುದ್ಧವಂದನೆ ಆಯಿತು, ಭಾಷಣಗಳಾದವು, ಕೊನೆಗೆ ನಮ್ಮ ಮಾಸ್ತರರು ಮೈಕು ಹಿಡಿದರು. ಗೌಂಡಿಯವರನ್ನು ನೆನೆದರು, ಬಡಗಿಯವರನ್ನು ನೆನೆದರು. ಶಾಮಿಯಾನದ ಲಾಡ್ಲೆಸಾಬರನ್ನು ಎರಡು ಸಲ ನೆನೆದರು. ನೀರಿನ ಟ್ಯಾಂಕರಿಗೆ, ಜನರೇಟರಿಗೆ, ಅಷ್ಟೂ ಹೊತ್ತು ಕರೆಂಟು ತೆಗೆಯದೆ ಸಹಕರಿಸಿದ ಲೈನ್‌ಮನ್‌ಗೆ ಅನಂತ ವಂದನೆ ಸಲ್ಲಿಸಿದರು. ಮುಂದಿನ ಸಾಲಿನಲ್ಲಿ ಅತ್ತೆ ರಮಾಬಾಯಿ ಹೊಸ ಇಳಕಲ್ ಸೀರೆ ಉಟ್ಟು ಕೂತಿದ್ದರು. ಹಿಂದಿನ ರಾತ್ರಿಯಿಂದ ಮುನ್ನೂರು ಜನರಿಗೆ ಅಡಿಗೆ ಮಾಡಿಸಿದ್ದ ಜೀವ. ಪ್ರತಿ ಹೆಸರಿಗೂ ಇನ್ನು ತಮ್ಮದೇ ಎಂದು ಅರ್ಧ ಎದ್ದು, ಅರ್ಧ ಕೈ ಮುಗಿದು, ಮತ್ತೆ ಕೂರುತ್ತಿದ್ದರು. ಇಪ್ಪತ್ತೆರಡು ನಿಮಿಷ ಎದ್ದು ಕೂತದ್ದೇ ಬಂತು. ಅವರ ಹೆಸರು ಬರಲೇ ಇಲ್ಲ.

"ನನ್ನ ಹೆಸರು ಬಾಯಾಗ ಬರದಾಂವನ ಮನಿ ನೀರು ನನಗ ಬ್ಯಾಡ" ಎಂದು ಅವತ್ತು ಎದ್ದು ಹೋದವರು ಅಳಿಯನ ಮನೆಯ ಕಡೆ ತಲೆ ಹಾಕಿರಲಿಲ್ಲ. ಮಾಸ್ತರರಿಗೂ ಒಳಗೆ ಕಸಿವಿಸಿ. ಆದರೆ ಮೈಕು ಕೊಟ್ಟರೆ ತಾಸುಗಟ್ಟಲೆ ಮಾತಾಡುವ ಬಾಯಿಗೆ 'ತಪ್ಪಾತು' ಎಂಬ ಮೂರಕ್ಷರ ಹೊರಡುತ್ತಿರಲಿಲ್ಲ. ಎರಡು ವರ್ಷ ಮಹಾನಂದಾಳೇ ಚೌಡಾಪುರಕ್ಕೆ ಬಸ್ಸು ಹತ್ತಿ, ಇಳಿದು, ಅತ್ತು, ಕರೆದು, ಅವ್ವನ ಮನಸ್ಸು ತಿರುಗಿಸಿದ್ದಳು.

ಇನ್ನು ಮೀನೇ ಯಾಕೆ? ರಮಾಬಾಯಿಗೆ ಮೀನೆಂದರೆ ಪ್ರಾಣ. ಅವರ ಕೈಯ ಮೀನಿನ ಸಾರಿಗೆ ಘತ್ತರಗಿಯಲ್ಲಿ ಹೊಳೆಗಿಳಿದು ಬಲೆ ಹಾಕುವವರೇ ಮೀನು ತಂದುಕೊಟ್ಟು ಬಟ್ಟಲು ಹಿಡಿದು ನಿಲ್ಲುತ್ತಿದ್ದರು. ಅಂಥವರ ಮುಂದೆ ಸಾರು ಮಾಡಿಟ್ಟರೆ ಹೋಲಿಸಿ ನೋಡುತ್ತಾರೆ. ಅವರು ಜನ್ಮದಲ್ಲಿ ತಿನ್ನದ್ದನ್ನು ಮಾಡಿಟ್ಟರೆ ಹೋಲಿಸುವುದು ಯಾವುದಕ್ಕೆ? ಮಾಸ್ತರರ ತರ್ಕಕ್ಕೆ ತಲೆದೂಗಲೇಬೇಕು!

ಭಾನುವಾರ ಬೆಳಿಗ್ಗೆ ಮೀನಿನ ಪೀರಸಾಬನ ಮುಂದೆ ನಿಂತು ಮಾಸ್ತರರು ಗತ್ತಿನಿಂದ ಕೇಳಿದರು.

"ಪೀರಸಾಬ, ಮುಳ್ಳಿಲ್ಲದ್ದು ಕೊಡು."

"ಸರ್, ಮುಳ್ಳಿಲ್ಲದ ಮೀನ ಭೀಮಾ ಹೊಳ್ಯಾಗ ಇನ್ನಾ ಹುಟ್ಟಿಲ್ರಿ. ಮುಳ್ಳು ಬ್ಯಾಡಂದ್ರ ಬದನಿಕಾಯಿ ಒಯ್ರಿ. ಅದಕ್ಕೂ ತೊಟ್ಟಿನಾಗ ಇರ್ತಾವ್ರಿ ಮತ್ತ!"

ಕೊನೆಗೆ ಒಂದು ದೊಡ್ಡ ಮೀನಿನ ನಡುಮುಳ್ಳು ತೆಗೆಸಿ, ಗೋಲಿಸೋಡಾ ಎರಡು ಬಾಟಲಿ, ಒಂದು ಡಜನ್ ತತ್ತಿ ಹಿಡಿದು ಮನೆಗೆ ಬಂದರು. ಹತ್ತು ಗಂಟೆಗೆ ಮಹಾನಂದಾ ಸಂಘದ ಮೀಟಿಂಗಿಗೆ ಹೊರಟಳು. ಮೊಬೈಲು ಚಾರ್ಜಿಗೆ ಹಾಕಿ ಮನೆಯಲ್ಲೇ ಬಿಟ್ಟಳು.

"ಅವ್ವ ಹತ್ತರ ಬಸ್ಸಿಗೆ ಹೊಂಡ್ತಾಳ. ಆಕಿ ಬರೂದ್ರೊಳಗ ಬರ್ತೇನಿ. ಮನಿ ಇರ್ಲಿ, ಅಷ್ಟು ನೋಡ್ಕೋರಿ."

ಮೊದಲು ಹಿಟ್ಟು. ಮೈದಾ ಹಿಟ್ಟಿನ ಮೇಲೆ ಗೋಲಿಸೋಡಾ ಒಡೆದರು. ಅರ್ಧ ಪಾತ್ರೆಗೆ, ಅರ್ಧ ಕನ್ನಡಕಕ್ಕೆ! ಆ ಹಿಟ್ಟಿನಲ್ಲಿ ಮೀನಿನ ತುಂಡು ಮುಳುಗಿಸಿ ಎಣ್ಣೆಗೆ ಬಿಟ್ಟರೆ ಹಿಟ್ಟು ಒಂದು ಕಡೆ ತೇಲಿತು, ಮೀನು ಇನ್ನೊಂದು ಕಡೆ ಮುಳುಗಿತು. ಆಲೂಗಡ್ಡೆಯನ್ನು ಬೆರಳಿನಷ್ಟು ದಪ್ಪ ಹೆಚ್ಚಬೇಕು ಎಂದಿದ್ದ ಬಿಳಿ ಮನುಷ್ಯ. ಯಾವ ಬೆರಳು ಎಂದು ಹೇಳಿರಲಿಲ್ಲ. ಮಾಸ್ತರರು ಹೆಬ್ಬೆರಳು ಹಿಡಿದರು. ಹೊರಗೆ ಕಪ್ಪಾಗುವವರೆಗೆ ಕರಿದರೂ ಒಳಗೆ ಹಸಿ. "ಇರ್ಲಿ, ಎಲ್ಲಾನೂ ಸಾಸ್ ಮುಚ್ತದ" ಎಂದು ತಮಗೆ ತಾವೇ ಸಮಾಧಾನ ಹೇಳಿಕೊಂಡು ಮಿಕ್ಸರಿಗೆ ಕೈಯಿಟ್ಟರು.

ಆ ಸಾಸಿನಲ್ಲಿ ಇರುವುದಿಷ್ಟೇ. ತತ್ತಿಯ ಹಳದಿ, ಎಣ್ಣೆ, ನಿಂಬೆರಸ, ಸಣ್ಣಗೆ ಹೆಚ್ಚಿದ ಸೌತೆಕಾಯಿ. ಎಣ್ಣೆಯನ್ನು ಹನಿಹನಿಯಾಗಿ ಬಿಡಬೇಕು. ಮಾಸ್ತರರು ಬಟ್ಟಲು ಬಗ್ಗಿಸಿ ಒಂದೇ ಸಲಕ್ಕೆ ಸುರಿದರು. ಬೆಣ್ಣೆಯಂತೆ ಆಗಬೇಕಾದದ್ದು ಒಡೆದು ನೀರಾಯಿತು. ಇನ್ನೊಂದು ತತ್ತಿ ಹಾಕಿದರು, ಇನ್ನೊಂದು ನಿಂಬೆಹಣ್ಣು ಹಿಂಡಿದರು. ಊಹೂಂ! ಎಣ್ಣೆಯ ಮೇಲೆ ತತ್ತಿಯ ಚೂರು ಅನಾಥವಾಗಿ ಈಜುತ್ತಿದ್ದವು. ಮಾಸ್ತರರು ತಲೆಯ ಮೇಲೆ ಕೈ ಹೊತ್ತು, ಹಿತ್ತಲ ಬಾಗಿಲಿಗೆ ಬಂದು, ಎದೆ ಬಿರಿಯುವಂತೆ ಕೂಗಿದರು.

"ಹೋತು! ಸಾಸ್ ಹೋತು!"

ಗೋಡೆಯಾಚೆ ಹಪ್ಪಳ ಒಣಗಿಸುತ್ತಿದ್ದವರು ಖುರ್ಷಿದಬೇಗಂ. ಶಾಮಿಯಾನ ಅಂಗಡಿಯ ಲಾಡ್ಲೆಸಾಬರ ಹೆಂಡತಿ, ಓಣಿಯ ಸುಖದುಃಖಕ್ಕೆಲ್ಲ ಮೊದಲು ಓಡಿಬರುವ ಒಳ್ಳೆಯ ಜೀವ. ಆದರೆ ಅವರ ಮನೆಮಾತಿನಲ್ಲಿ ಸಾಸ್ ಅಂದರೆ ಅತ್ತೆ! ಬಾಟಲಿಯಲ್ಲಿ ಬರುವ ಕೆಂಪನೆಯದನ್ನು ಅವರು ಚಟ್ನಿ ಎಂದೇ ಕರೆಯುತ್ತಿದ್ದರು. ಇನ್ನು 'ಹೋತು' ಎಂದರೆ ವಸ್ತುವಲ್ಲವೇ, ಹೆಂಗಸಿಗೆ 'ಹೋದಳು' ಎನ್ನಬೇಕಲ್ಲವೇ ಎನ್ನಬೇಡಿ. ಈ ಸೀಮೆಯಲ್ಲಿ ಅಕ್ಕ 'ಬಂತು', ಅವ್ವ 'ಹೋತು'. ಸ್ತ್ರೀಲಿಂಗಕ್ಕೂ ನಪುಂಸಕಲಿಂಗಕ್ಕೂ ಭೇದ ಮಾಡದ ಉದಾರಿಗಳು ನಾವು. ಇದು ತಪ್ಪೆಂದು ಮಾಸ್ತರರು ಇಪ್ಪತ್ತೆರಡು ವರ್ಷ ಬೋರ್ಡಿನ ಮೇಲೆ ಬರೆದು ಬರೆದು ಸೀಮೆಸುಣ್ಣ ಸವೆಸಿದ್ದರು. ಓಣಿ ತಿದ್ದಿಕೊಂಡಿರಲಿಲ್ಲ.

ಮಹಾನಂದಾಳ ಅವ್ವ ಇವತ್ತು ಬರುವ ಸುದ್ದಿ ಖುರ್ಷಿದಬೇಗಂಗೆ ಗೊತ್ತಿತ್ತು. ಬೆಳಿಗ್ಗೆಯೇ ಬಂದಿರಬೇಕು ಎಂದುಕೊಂಡರು. ಕೈಯಲ್ಲಿದ್ದ ಹಪ್ಪಳ ಕೆಳಗೆ ಬಿತ್ತು.

"ಯಾ ಅಲ್ಲಾ! ಯಾವಾಗ್ರಿ ಸರ್?"

"ಈಗೇ ಆಪಾ, ಎರಡು ಮಿನಿಟ್ ಆತು. ನನ್ನ ಕಣ್ಣ ಮುಂದೇ!"

"ಏನೂ ಮಾಡಾಕ ಬರ್ಲಿಲ್ಲೇನ್ರಿ?"

"ನಿಂಬಿಹಣ್ಣು ಹಿಂಡಿದೆ, ತತ್ತಿ ಹಾಕಿದೆ, ಜೋರಾಗಿ ತಿರುವಿದೆ. ಹೊಳ್ಳಿ ಬರ್ಲಿಲ್ಲ."

"ನಿಂಬಿಹಣ್ಣಿಲೆ ಹೆಂಗ್ ಬರ್ತದ್ರಿ ಸರ್, ಡಾಕ್ಟರ್‌ನ ಕರೀಬೇಕಿಲ್ಲ?"

ಮಾಸ್ತರರು ಇದನ್ನು ಚೇಷ್ಟೆ ಎಂದುಕೊಂಡು ನೊಂದ ನಗೆ ನಕ್ಕರು. "ಹೋಗ್ಲಿ ಬಿಡ್ರಿ ಆಪಾ. ಎಣ್ಣಿ, ತತ್ತಿ ಅದಾವ. ಇನ್ನೊಂದು ಸಾಸ್ ಮಾಡ್ಕೋತೇನಿ!"

ಖುರ್ಷಿದಬೇಗಂ ಗೋಡೆ ಹಿಡಿದುಕೊಂಡರು. ಅತ್ತೆಯ ಮೈ ಇನ್ನೂ ಬೆಚ್ಚಗಿದೆ, ಈ ಮನುಷ್ಯ ಆಗಲೇ ಇನ್ನೊಬ್ಬ ಅತ್ತೆಯನ್ನು ಮಾಡಿಕೊಳ್ಳಲು ಹೊರಟಿದ್ದಾನೆ! ಮಹಾನಂದಾಳ ಗತಿ ಏನು?

"ಮತ್ತ... ಇದಕ್ಕ ಏನ್ ಮಾಡ್ತೀರಿ?"

"ಇಲ್ಲೇ ಹಿತ್ತಲದಾಗ ತೆಗ್ಗು ತೋಡಿ ಹುಗೀತೇನಿ. ಬಿಟ್ರ ನಾತ ಹೊಡೀತದ. ಮಹಾನಂದಾ ಬರೂದ್ರೊಳಗ ಮುಗಸಬೇಕು, ನೀವೂ ಆಕಿಗಿ ಹೇಳಬ್ಯಾಡ್ರಿ ಮತ್ತ!"

ಅಂದವರೇ ಸಲಿಕೆ ತಂದು, ಒಂದು ಗೇಣು ತೆಗ್ಗು ತೋಡಿ, ಸಾಸು ಸುರಿದು, ಮಣ್ಣು ಮುಚ್ಚಿ ಒಳಗೆ ಹೋದರು. ಮಿಕ್ಸರು ಮತ್ತೆ ಗುರ್ ಎಂದಿತು.

ಗೋಡೆಯಾಚೆ ಕೂತುಬಿಟ್ಟಿದ್ದ ಖುರ್ಷಿದಬೇಗಂಗೆ ಸಲಿಕೆಯ ಸದ್ದಷ್ಟೇ ಕೇಳಿಸಿತು. ಆದರೂ ಧೈರ್ಯಗೆಡುವ ಹೆಂಗಸಲ್ಲ. ಮನೆಯೊಳಗೆ ಓಡಿ ಗಂಡನ ಅಂಗಡಿಯ ವಹಿ ತೆಗೆದು ಸತೀಶಕುಮಾರನ ನಂಬರು ಹುಡುಕಿದರು. "ಸತೀಶಭಾಯ್, ನಿಮ್ಮ ಅವ್ವ ಹೋತು. ಲಗೂ ಬರ್ರಿ, ನಿಮ್ಮ ಮಾಮಾಗ ತಲಿ ನೆಟ್ಟಗಿಲ್ಲ" ಎಂದು ಫೋನಿನಲ್ಲೇ ಅತ್ತರು. ಅವ್ವ ಬಸ್ಸು ಹತ್ತಿದ್ದನ್ನು ಕಣ್ಣಾರೆ ಕಂಡಿದ್ದ ಸತೀಶಕುಮಾರ ನಂಬದೆ ಇನ್ನೇನು ಮಾಡಿಯಾನು? ಎದೆ ಬಡಿದುಕೊಂಡು ತನ್ನ ಟೆಂಪೋದಲ್ಲಿ ಬಂಧುಬಳಗ ತುಂಬಿಸಿ, ದಾರಿಯಲ್ಲಿ ಒಂದು ಚೆಂಡುಹೂವಿನ ಮಾಲೆ ಕೊಂಡು ಅಫಜಲಪುರದ ಕಡೆ ಗಾಡಿ ಬಿಟ್ಟ.

ಅಷ್ಟರಲ್ಲಿ ಲಾಡ್ಲೆಸಾಬರು ಯಾರನ್ನೂ ಕೇಳದೆ ಮಾಸ್ತರರ ಮನೆಯ ಮುಂದೆ ಶಾಮಿಯಾನ ಎಳೆದು, ನಲವತ್ತು ಕುರ್ಚಿ ಹಾಕಿಸಿ, ಶ್ರದ್ಧಾಂಜಲಿಗೆ ಬೇಕಾಗುತ್ತದೆಂದು ಮೈಕನ್ನೂ ನಿಲ್ಲಿಸಿದರು. ಓಣಿಯ ಜನ ಬಂದು ತಲೆ ತಗ್ಗಿಸಿ ಕೂತರು. ಕೂತವರ ಮೂಗಿಗೆ ಅಡಿಗೆಮನೆಯಿಂದ ಘಮ್ಮನೆ ವಾಸನೆ ಬಡಿಯಿತು.

"ಸತ್ತ ಮನ್ಯಾಗ ಒಲಿ ಹಚ್ಯಾನಲ್ರೀ!"

"ಬರೇ ಒಲಿ ಅಲ್ರಿ, ಕರಿಯಾಕತ್ಯಾನ!"

"ಅತ್ತಿ ಮ್ಯಾಲಿನ ಸಿಟ್ಟು ಇನ್ನಾ ಆರಿಲ್ಲ, ನೋಡ್ರಿ."

ಹಿಂದಿನ ಸಾಲಿನ ಮುದುಕರೊಬ್ಬರು ದೀರ್ಘವಾಗಿ ಉಸಿರೆಳೆದು, "ಮೀನಂತೂ ಭೀಮಾ ಹೊಳಿದೇ" ಎಂದು ತೀರ್ಪು ಕೊಟ್ಟರು.

ಮಿಕ್ಸರಿನ ಸದ್ದು, ಎಣ್ಣೆಯ ಸದ್ದು, ಮೊಬೈಲಿನಲ್ಲಿ ಬಿಳಿ ಮನುಷ್ಯನ ಇಂಗ್ಲಿಷು. ಇವುಗಳ ನಡುವೆ ಮಾಸ್ತರರಿಗೆ ಹೊರಗಿನ ಲೋಕದ ಪರಿವೆಯೇ ಇರಲಿಲ್ಲ. ಎರಡನೆಯ ಸಾಸು ಅಂತೂ ಇಂತೂ ಗಟ್ಟಿಯಾಗಿತ್ತು. ಅಷ್ಟರಲ್ಲಿ ಸತೀಶಕುಮಾರ ಅಳುತ್ತಾ ಅಡಿಗೆಮನೆಗೆ ನುಗ್ಗಿದ.

"ಮಾಮಾ! ಎಲ್ಲದಾಳ್ರಿ ನಮ್ಮವ್ವ?"

"ನೀ ಬಂದೇನೋ? ಅತ್ತಿನ ನೀ ಕರ್ಕೊಂಡು ಬಂದಿಲ್ಲೇನು? ಇರ್ಲಿ, ಬಾಯಿ ತೆರಿ, ಸಾಸ್ ನೆಕ್ಕಿ ನೋಡು."

"ನಿಮಗ ಮನಸಾದ್ರೂ ಹೆಂಗ್ ಬರ್ತದ್ರಿ ಮಾಮಾ! ಆಪಾ ಎಲ್ಲಾ ಹೇಳ್ಯಾರ. ಹಿತ್ತಲದಾಗ ಹುಗದೀರಂತಲ್ಲಾ!"

"ಏ, ಆಪಾ ನಿನಗೂ ಹೇಳಿಬಿಟ್ರೇನು?" ಮಾಸ್ತರರು ನಾಚಿದರು. "ಹೂಂ, ಹುಗದೆ. ಕೆಟ್ಟು ಹೋಗಿತ್ತೋ. ನಿಮ್ಮಕ್ಕಗ ಹೇಳಬ್ಯಾಡ, ಬೈತಾಳ."

ಸತೀಶಕುಮಾರ ಕಿರುಚುತ್ತಾ ಹಿತ್ತಲಿಗೆ ಓಡಿದ. ಗೇಣಗಲದ ಹಸಿ ಮಣ್ಣು ಕಂಡು ಬೆರಗಾಗಿ ನಿಂತ.

"ಇಷ್ಟೇ ತೆಗ್ಗಿನಾಗ ಹೆಂಗ್ ಹಿಡಿಸಿದ್ರಿ ಮಾಮಾ?"

"ಒಂದು ಬೋಗುಣಿ ಇತ್ತಲ್ಲೋ, ಅದಕ್ಕೇನು ಬಾವಿ ತೋಡಬೇಕೇನು?"

"ನಮ್ಮವ್ವ ಬೋಗುಣಿಯೇನ್ರಿ!"

ಅದೇ ಹೊತ್ತಿಗೆ ಮಹಾನಂದಾ ಮೀಟಿಂಗು ಮುಗಿಸಿ ಓಣಿಗೆ ಬಂದಳು. ತನ್ನ ಮನೆಯ ಮುಂದೆ ಶಾಮಿಯಾನ! ಖುರ್ಷಿದಬೇಗಂ ಓಡಿಬಂದು ತಬ್ಬಿಕೊಂಡು, "ಸಬರ್ ಮಾಡ್ರಿ ಬೆಹನ್, ನಿಮ್ಮ ಅವ್ವ ನಮ್ಮನ್ನೆಲ್ಲಾ ಬಿಟ್ಟು ಹೋತು" ಎಂದರು. ಮಹಾನಂದಾ ಅಲ್ಲೇ ಮಣ್ಣಿನಲ್ಲಿ ಕುಸಿದು ಕೂತಳು. ಎರಡು ವರ್ಷ ಕಾಡಿ ಬೇಡಿ ಕರೆದದ್ದು ಇದಕ್ಕೇನಾ? ಅವ್ವ ಬಂದಾಗ ಬಾಗಿಲಲ್ಲಿ ನಿಂತು ಒಂದು ಚೆಂಬು ನೀರು ಕೊಡುವ ಭಾಗ್ಯವೂ ಇಲ್ಲದೆ ಹೋಯಿತಲ್ಲ! ಆಕೆ ಅತ್ತ ಅಳು ಕೇಳಿ ಇಡೀ ಶಾಮಿಯಾನ ಅತ್ತಿತು. ಕೈಯಲ್ಲಿ ಬೋಗುಣಿ, ಮೊಣಕೈವರೆಗೆ ಮೈದಾ ಹಿಟ್ಟು ಮೆತ್ತಿಕೊಂಡು ಹೊರಗೆ ಬಂದ ಮಾಸ್ತರರು ಕಣ್ಣು ಕಣ್ಣು ಬಿಡುತ್ತಾ ನಿಂತರು.

"ಯಾರ್ರಿ ಸತ್ತಾವ್ರು?"

ಕೇಳಿದವರು ಮಾಸ್ತರರಲ್ಲ. ಓಣಿಯ ತುದಿಯಿಂದ ಚೀಲ ಹಿಡಿದು ಬಂದ ರಮಾಬಾಯಿ! ಬಸ್ಸಿಳಿದು ಯಾವಾಗಲೋ ಬಂದಿದ್ದರು. ಆದರೆ ಎರಡು ವರ್ಷ ಹೆಸರು ಮರೆತ ಅಳಿಯ ಎರಡು ತಾಸಾದರೂ ಬಾಗಿಲು ಕಾಯಲಿ ಎಂದು ಬಸ್‌ಸ್ಟ್ಯಾಂಡಿನ ಹತ್ತಿರ ಗೆಳತಿ ಪ್ಯಾರಿಬಿಯ ಮನೆಯಲ್ಲಿ ಕಾಲು ಚಾಚಿ ಚಹಾ ಕುಡಿಯುತ್ತಾ ಕೂತಿದ್ದರು. ಮಗನ ಟೆಂಪೋ ಹಾದುಹೋದದ್ದು ಕಂಡು ಗಾಬರಿಯಾಗಿ ಎದ್ದು ಬಂದಿದ್ದರು.

ಮಹಾನಂದಾ "ಅವ್ವಾ!" ಎಂದು ಚೀರಿ ಹೋಗಿ ಅಪ್ಪಿಕೊಂಡಳು. ಹಿತ್ತಲಿಂದ ಬಂದ ಸತೀಶಕುಮಾರ ಮಾಲೆ ಹಿಡಿದೇ ಅವ್ವನ ಕಡೆ ಓಡಿದ. ಖುರ್ಷಿದಬೇಗಂ ಮಾತ್ರ ಬೆರಳನ್ನು ಮಾಸ್ತರರ ಕಡೆ ತೋರಿಸಿದರು.

"ಸರ್! ನೀವೇ ಅಲ್ರೀ ಸಾಸ್ ಹೋತು ಅಂದಾವ್ರು?"

"ಇದು ಆಪಾ, ಇದು!" ಮಾಸ್ತರರು ಬೋಗುಣಿ ಎತ್ತಿ ತೋರಿಸಿದರು. "ಇದಕ್ಕ ಸಾಸ್ ಅಂತಾರ!"

"ಅದು ಚಟ್ನಿ! ಸಾಸ್ ಅಂದ್ರ ಅಗೋ ನಿಂತಾರ ನೋಡ್ರಿ!"

ಆ ನಗೆ ಎಲ್ಲಿಂದ ಹೊರಟಿತೋ! ಹಿಂದಿನ ಸಾಲಿನ ಮುದುಕರು ಕುರ್ಚಿ ಸಮೇತ ಉರುಳಿದರು. ನಗದವರು ಇಬ್ಬರೇ. ಒಬ್ಬರು ಮಾಸ್ತರರು, ಇನ್ನೊಬ್ಬರು ರಮಾಬಾಯಿ. ಅವರು ಮಗನ ಕೈಯಲ್ಲಿದ್ದ ಮಾಲೆಯನ್ನು ನೋಡಿದರು, ಮೈಕನ್ನು ನೋಡಿದರು, ಅಳಿಯನನ್ನು ನೋಡಿದರು. ಮಹಾನಂದಾಳ ಜೀವ ಮತ್ತೆ ಬಾಯಿಗೆ ಬಂತು. ಈಗ ತಿರುಗಿ ಹೋದರೆ ಹೋದಂತೆಯೇ!

ರಮಾಬಾಯಿ ಮಾಲೆ ಇಸಿದುಕೊಂಡು ತಾವೇ ಕೊರಳಿಗೆ ಹಾಕಿಕೊಂಡರು. ಮುಂದಿನ ಸಾಲಿನ ನಡುಗುರ್ಚಿಯಲ್ಲಿ ಕೂತರು.

"ನಾ ಸತ್ತಮ್ಯಾಲ ನೀ ಮೈಕ್ ಹಿಡದು ಮಾತಾಡಾಂವ ಇದ್ದೀ ಹೌದಿಲ್ಲೋ? ಅದನ್ನ ಈಗೇ ಆಡು. ಕಿವಿ ಇರೂತನಾ ಕೇಳ್ತೇನಿ."

ಮಾಸ್ತರರು ಮೈಕಿನ ಮುಂದೆ ಹೋಗಿ ನಿಂತರು. ಜೀವನದಲ್ಲಿ ಮೊದಲ ಸಲ ಅವರಿಗೆ ಪೀಠಿಕೆ ಬರಲಿಲ್ಲ, ವಿಶೇಷಣ ಬರಲಿಲ್ಲ.

"ಅತ್ತಿ," ಎಂದರು. "ಅವತ್ತ ನಾ ಕರೆಂಟಿಗೂ ವಂದನಾ ಹೇಳಿದೆ. ನಿಮಗ ಹೇಳ್ಲಿಲ್ಲ. ಮನ್ಯಾನ ಮಂದಿಗೇನು ಹೇಳೋದು ಅಂತ ಸುಮ್ನ ಬಿಟ್ಟೆ. ಮುನ್ನೂರು ಮಂದಿ ಉಂಡಿದ್ದು ನಿಮ್ಮ ಕೈದು. ನೀವು ಎದ್ದು ಎದ್ದು ಕೂಡೂದು ನಾ ನೋಡಿದ್ದೆ. ಅದು ಏನಂತ ಆಮ್ಯಾಲ ತಿಳೀತು. ಎರಡು ವರ್ಷ ಹೇಳಾಕ ಬಾಯಿ ಬರ್ಲಿಲ್ಲ. ತಪ್ಪಾತು ಅತ್ತಿ."

ರಮಾಬಾಯಿ ಸೆರಗಿನಿಂದ ಕಣ್ಣೊರೆಸಿಕೊಂಡರು. "ಸಾಕು ಬಿಡು. ಅದೇನ್ ಮಾಡೀಯೋ ತಾ" ಎಂದರು. ಪಾತ್ರೆ ಹೊರಗೆ ಬಂತು. ಒಂದು ತುಂಡು ಬಾಯಿಗಿಟ್ಟು, "ಮೀನ ಒಂದು ಕಡೆ, ಅದರ ಅಂಗಿ ಒಂದು ಕಡೆ. ಆದ್ರ ಚಟ್ನಿ ಛಲೋ ಆಗ್ಯಾದ" ಎಂದು ಇನ್ನೊಂದು ತುಂಡಿಗೆ ಕೈ ಹಾಕಿದರು. ನಲವತ್ತು ಕುರ್ಚಿಗಳಿಂದ ನಲವತ್ತು ಕೈ ಮುಂದೆ ಬಂದವು.

ಇಲ್ಲಿಗೆ ನಿಲ್ಲಿಸಿದ್ದರೆ ಮಾಸ್ತರರು ಗೆದ್ದಿರುತ್ತಿದ್ದರು. ಆದರೆ ಎದುರಿಗೆ ಜನ, ಕೈಯಲ್ಲಿ ಮೈಕು! ಹೋದ ಜೀವ ಬಂದಂತಾಗಿ ಗಂಟಲು ಸರಿಪಡಿಸಿಕೊಂಡರು. "ಈ ಶುಭ ಸಂದರ್ಭದಲ್ಲಿ" ಎಂದು ಶುರುವಾಯಿತು. ಬಾಯ್ತುಂಬ ಲಾಡ್ಲೆಸಾಬರನ್ನು ನೆನೆದರು. ಖುರ್ಷಿದ ಆಪಾ ಅವರ ತೀಕ್ಷ್ಣ ಶ್ರವಣಶಕ್ತಿಯನ್ನು ಕೊಂಡಾಡಿದರು. ಸತೀಶಕುಮಾರನ ಟೆಂಪೋವನ್ನು, ಪೀರಸಾಬನ ಮೀನನ್ನು, ಗೋಲಿಸೋಡಾವನ್ನು, ನಡುವೆ ತೀರದೆ ಸಹಕರಿಸಿದ ಗ್ಯಾಸ್ ಸಿಲಿಂಡರನ್ನು ಸ್ಮರಿಸಿದರು. ಚಹಾ ಕೊಟ್ಟು ಅತ್ತೆಯನ್ನು ಕೂರಿಸಿಕೊಂಡಿದ್ದ ಪ್ಯಾರಿಬಿಗೂ ಹೃತ್ಪೂರ್ವಕ ವಂದನೆ ಸಂದಿತು. "ಇಷ್ಟು ಹೇಳಿ ನನ್ನ ಎರಡು ಮಾತು ಮುಗಿಸ್ತೇನಿ. ಜೈ ಭೀಮ್!" ಎಂದು ಮೈಕು ಆರಿಸಿದರು.

ಚಪ್ಪಾಳೆ ಬಿತ್ತು. ಮಾಸ್ತರರು ಬೀಗುತ್ತಾ ಈಚೆ ತಿರುಗಿದರೆ ಕಂಬದ ಹತ್ತಿರ ಮಹಾನಂದಾ. ಅರ್ಧ ಎದ್ದು, ಅರ್ಧ ಕೈ ಮುಗಿದು ನಿಂತಿದ್ದಳು. ನಿಂತವಳು ನಿಧಾನವಾಗಿ ಕೈ ಇಳಿಸಿದಳು. ಒಳಗೆ ಹೋದಳು. ಚೀಲ ಹಿಡಿದು ಹೊರಗೆ ಬಂದಳು.

"ಸತೀಶಾ, ಟೆಂಪೋದಾಗ ಒಬ್ಬಾಕಿಗಿ ಜಾಗಾ ಅದ ಏನೋ?"

ಮಾಸ್ತರರು ದಿಕ್ಕು ಕಾಣದೆ ಅತ್ತೆಯ ಕಡೆ ನೋಡಿದರು. ರಮಾಬಾಯಿ ಕಾಲು ಚಾಚಿಕೊಂಡು, ಬೆರಳು ನೆಕ್ಕುತ್ತಾ ಮಗಳಿಗೆ ಹೇಳಿದರು.

"ಹೋಗಿ ಬಾ ಮಗಳ. ಎರಡು ವರ್ಷ ಅಂದ್ರ ಹೆಂಗ ಹೋಗ್ತಾವ ಗೊತ್ತೇ ಆಗಂಗಿಲ್ಲ."